ಟಗರಿನ ಕಾಲು

ಶೆಫೀಲ್ಡ್
12 ಸೆಪ್ಟೆಂಬರ್ 2023

ಪ್ರೀತಿಯ ಮಾಲಾ ಅಕ್ಕೋರಿಗೆ ರಸಿಕಾಳ ನಮಸ್ಕಾರ.

ನೆನಪಿದ್ದೀನೋ ಇಲ್ಲವೋ. ಜಮಖಂಡಿಯ ಹೈಸ್ಕೂಲಿನಲ್ಲಿ ಹೂಜಿಗೆ ನೆರಳು ಹಾಕು ಎಂದರೆ ಇಡೀ ಹೂಜಿಗೇ ಮಸಿ ಬಳಿದು ನಿಮ್ಮಿಂದ ಬೈಸಿಕೊಂಡವಳು ನಾನು, ಕಾಶೀಬಾಯಿಯವರ ಮೊಮ್ಮಗಳು. ನಿಮಗೆ ಫೋನ್ ಮಾಡಿದರೆ ಹಿಪ್ಪರಗಿಯಿಂದ ನಿಮ್ಮ ಅಣ್ಣ ಅಪ್ಪಾಸಾಬರು ಎತ್ತಿದರು. “ಆಕಿ ರಿಟೈರ್ ಆದ ಮರುದಿನಾನ ಫೋನ್ ನಮ್ಮ ಕಡೆ ಒಗದು ಹೋಗ್ಯಾಳವಾ. ಏನರ ಬೇಕಂದ್ರ ಕಾಗದಾ ಬರೀರಿ ಅಂತಾಳ” ಎಂದರು. ಅದಕ್ಕೇ ಈ ಕಾಗದ. ಕನ್ನಡದಲ್ಲಿ ಬರೆದು ಬಹಳ ಕಾಲವಾಯಿತು, ತಪ್ಪಿದ್ದರೆ ಕೆಂಪು ಶಾಯಿಯಲ್ಲಿ ತಿದ್ದಿ ಕಳಿಸಿ.

ನಾನೀಗ ಇಲ್ಲಿನ ಒಂದು ಕಲಾ ಸಂಗ್ರಹಾಲಯದಲ್ಲಿ ಪ್ರದರ್ಶನಗಳನ್ನು ಜೋಡಿಸುವ ಕೆಲಸ ಮಾಡುತ್ತೇನೆ. ಬರುವ ಜುಲೈನಲ್ಲಿ ಹಿಲ್ಡಾ ಥಾರ್ನ್‌ಬಿ ಅವರ ದೊಡ್ಡ ಪ್ರದರ್ಶನವಿದೆ. ಹೌದು, ಅದೇ ಹಿಲ್ಡಾ. 1983ರಲ್ಲಿ ರಬಕವಿ-ಬನಹಟ್ಟಿಯ ಮಗ್ಗಗಳನ್ನು ನೋಡಲು ಬಂದು ನಮ್ಮ ಅಜ್ಜಿಯ ಮನೆಯ ಮಾಳಿಗೆಯ ಮೇಲೆ ಒಂದು ವರ್ಷ ಇದ್ದರಲ್ಲ, ಅವರು. ಈಗ ಈ ದೇಶದಲ್ಲಿ ಅವರ ಹೆಸರು ಗೊತ್ತಿಲ್ಲದ ಚಿತ್ರಕಾರರಿಲ್ಲ. ಮೊನ್ನೆ ಮೊದಲ ಸಲ ಅವರನ್ನು ಭೇಟಿಯಾಗಲು ಹೋದೆ. ಜಮಖಂಡಿಯವಳು ಎಂದು ಹೇಳುತ್ತಿದ್ದಂತೆ ಆಕೆ ನನ್ನ ಕೈ ಹಿಡಿದು ಕೇಳಿದ್ದು ಒಂದೇ ಪ್ರಶ್ನೆ: “ಮಾಲಾ ಈಗ ಏನು ಚಿತ್ರ ಬರೆಯುತ್ತಿದ್ದಾಳೆ?”

ಅಕ್ಕೋರೇ, ಮೂರು ವರ್ಷ ನಿಮ್ಮ ಕೈಯಲ್ಲಿ ಕಲಿತೆ. ಆಕೆಯ ಹೆಸರನ್ನು ಒಂದು ದಿನವಾದರೂ ಎತ್ತಿದಿರಾ? ನೀವು ಆಕೆಯ ಮೊದಲ ವಿದ್ಯಾರ್ಥಿನಿಯಂತೆ! ಪ್ರದರ್ಶನಕ್ಕೆ ಆಕೆ ಒಂದು ಶರತ್ತು ಹಾಕಿದ್ದಾರೆ. ತನ್ನ ಚಿತ್ರಗಳಿಗೆ ಒಂದೇ ಕೋಣೆ ಸಾಕು, ಉಳಿದ ಗೋಡೆಗಳೆಲ್ಲ ತನ್ನ ವಿದ್ಯಾರ್ಥಿಗಳಿಗೆ. ಬಾಗಿಲ ಎದುರಿನ ಗೋಡೆಯಲ್ಲಿ ಮೊದಲ ಮೊಳೆ ನಿಮ್ಮದು. ದಯವಿಟ್ಟು ನಿಮ್ಮದೊಂದು ಚಿತ್ರ ಕಳಿಸಿ. ಯಾವುದಾದರೂ ಸರಿ.

ನಿಮ್ಮ
ರಸಿಕಾ


ಜಮಖಂಡಿ
5 ಅಕ್ಟೋಬರ್ 2023

ರಸಿಕಾಗೆ ಆಶೀರ್ವಾದ.

ಹೂಜಿ ನೆನಪಿದೆ. ಅದು ಹೂಜಿಯಾಗಿರಲಿಲ್ಲ, ಒಲೆಯ ಮೇಲೆ ಮರೆತು ಬಿಟ್ಟ ಬೋಗುಣಿಯಾಗಿತ್ತು. ಅಂಥವಳು ಪರದೇಶದಲ್ಲಿ ಕಲೆಯ ಉಸ್ತುವಾರಿ ನೋಡಿಕೊಳ್ಳುತ್ತೀ ಎಂದರೆ ಆ ದೇಶಕ್ಕೆ ದೇವರೇ ಗತಿ. ಸಂತೋಷವಾಯಿತು ಮಗಳೇ, ಖರೆ ಹೇಳುತ್ತೇನೆ, ಕಾಗದ ಓದಿ ಕಣ್ಣು ತುಂಬಿ ಬಂದವು.

ಹಿಲ್ಡವ್ವ ಗಟ್ಟಿ ಇದ್ದಾಳೆಂದು ತಿಳಿದು ಜೀವಕ್ಕೆ ಹಿತವೆನಿಸಿತು. ನಮ್ಮ ಮಂದಿ ಆಕೆಯನ್ನು ಹಾಗೇ ಕರೆಯುತ್ತಿದ್ದರು. ನಮ್ಮಪ್ಪನ ಕುರಿ ಹಿಂಡಿನ ಹಿಂದೆ ಹೊಳೆಯ ದಂಡೆಯುದ್ದ ಅಲೆದು, ಕಂಬಳಿ ಹೊದ್ದು, ರೊಟ್ಟಿ-ಖಾರ ತಿಂದು ಮೂಗು ಒರೆಸಿಕೊಳ್ಳುತ್ತಿದ್ದಳು. ನನಗೆ ಚಿತ್ರ ಬರೆಯಲು ಕಲಿಸಿದವಳು ಆಕೆಯೇ. ಆದರೆ ಕಳಿಸಲು ನನ್ನ ಬಳಿ ಚಿತ್ರವಿಲ್ಲ.

ನಂಬು, ಒಂದೂ ಇಲ್ಲ. ನಾನು ಬರೆದದ್ದೆಲ್ಲ ಕರಿ ಹಲಗೆಯ ಮೇಲೆ. ಗಂಟೆ ಹೊಡೆದ ಕೂಡಲೇ ಗಣಿತದ ಮಾಸ್ತರರು ಬಾಗಿಲಲ್ಲಿ ಕೆಮ್ಮುತ್ತ ನಿಲ್ಲುತ್ತಿದ್ದರು, ನಾನೇ ಒರೆಸಿ ಹೊರಬರುತ್ತಿದ್ದೆ. ಮಕ್ಕಳು ಮೊದಲು ತಲೆ ಬರೆಯುತ್ತವೆ. ತಲೆಯೇ ಅರ್ಧ ಹಾಳೆ ನುಂಗುತ್ತದೆ, ಆಮೇಲೆ ಕಾಲಿಗೆ ಜಾಗ ಉಳಿಯುವುದಿಲ್ಲ. ಆ ಕಾಲುಗಳಿಗೆ ಜಾಗ ಮಾಡಿಸುವುದರಲ್ಲೇ ನನ್ನ ನೌಕರಿ ಮುಗಿಯಿತು. ಸ್ವಂತಕ್ಕೆ ಬರೆಯಲು ಪುರಸೊತ್ತು ಸಿಗಲಿಲ್ಲ, ಅಷ್ಟೇ.

ಆ ಮೊಳೆ ಕಿತ್ತುಬಿಡಿ. ಖಾಲಿ ಮೊಳೆಯ ಕೆಳಗೆ ನನ್ನ ಹೆಸರು ಬೇಡ. ನೋಡಿದವರು ಅಯ್ಯೋ ಪಾಪ ಅನ್ನುವುದೂ ಬೇಡ.

ಮಾಲಾ


ಶೆಫೀಲ್ಡ್
1 ನವೆಂಬರ್ 2023

ಅಕ್ಕೋರೇ,

ನಿಮ್ಮ ಕಾಗದವನ್ನು ಹಿಲ್ಡಾ ಅವರಿಗೆ ಇಂಗ್ಲಿಷಿನಲ್ಲಿ ಓದಿ ಹೇಳಿದೆ. ರೊಟ್ಟಿ-ಖಾರದ ಸಾಲಿಗೆ ಬಹಳ ಹೊತ್ತು ನಕ್ಕರು. ‘ಪುರಸೊತ್ತು ಸಿಗಲಿಲ್ಲ’ ಎಂಬಲ್ಲಿ ಮಾತ್ರ ನಗು ನಿಲ್ಲಿಸಿ, “ಇದನ್ನು ಆಕೆ ನನಗೆ ಹೇಳುತ್ತಿಲ್ಲ, ತನಗೇ ಹೇಳಿಕೊಳ್ಳುತ್ತಿದ್ದಾಳೆ” ಎಂದರು. ಬೇಸರ ಮಾಡಿಕೊಳ್ಳಬೇಡಿ.

ಆಕೆಯ ಬದುಕಿನ ಬಗ್ಗೆ ನಿಮಗೆ ಗೊತ್ತಿಲ್ಲದ್ದನ್ನು ಬರೆಯುತ್ತೇನೆ. ಭಾರತಕ್ಕೆ ಬರುವ ಮುಂಚೆ ಆಕೆಯ ಚಿತ್ರಗಳನ್ನು ಯಾರೂ ಕೇಳುತ್ತಿರಲಿಲ್ಲವಂತೆ. ತಿರುಗಿ ಹೋದ ಮೇಲೆ ಕಲಾ ಕಾಲೇಜಿನಲ್ಲಿ ಪಾಠ ಹೇಳಲು ಸೇರಿದರು. ಪಾಠ ಹೇಳುತ್ತಲೇ ಬಸ್ ಡಿಪೋ, ಬಟ್ಟೆ ಒಗೆಯುವ ಅಂಗಡಿ, ಮುಚ್ಚಿಹೋದ ಗಣಿಯ ಊಟದ ಮನೆ, ಹೀಗೆ ಸಿಕ್ಕಸಿಕ್ಕಲ್ಲಿ ವಿದ್ಯಾರ್ಥಿಗಳ ಚಿತ್ರ ತೂಗುಹಾಕಿ ಪ್ರದರ್ಶನ ಮಾಡಿದರು. ಆಗ ನಕ್ಕವರೇ ಆಮೇಲೆ ಅದನ್ನು ನಕಲು ಮಾಡಿದರು. ಆಕೆ ಬರೆದ ಪಾಠದ ಪುಸ್ತಕ ಇಲ್ಲಿನ ಕಾಲೇಜುಗಳಲ್ಲೆಲ್ಲ ಇದೆ. ಅದರ ಮೊದಲ ಪಾಠವೇ, ನಿಂತದ್ದನ್ನು ಬರೆಯುವಾಗ ಅದು ನೆಲ ಮುಟ್ಟುವ ಜಾಗದಿಂದ ಶುರು ಮಾಡು, ಎಂದು. ಆ ಪುಟದಲ್ಲಿ ಆಕೆ ಏನು ಬರೆದಿದ್ದಾರೆ ಗೊತ್ತೇ? “ಇದನ್ನು ಕೃಷ್ಣಾ ನದಿಯ ದಂಡೆಯ ಒಬ್ಬ ಕುರುಬರ ಹುಡುಗಿ ನನಗೆ ಕಲಿಸಿದಳು.”

ನಮ್ಮ ನಿರ್ದೇಶಕರು ತಕರಾರು ತೆಗೆದಿದ್ದಾರೆ. ಜೂನ್ ಕೊನೆಯೊಳಗೆ ಚಿತ್ರ ಬರದಿದ್ದರೆ ಆ ಜಾಗವನ್ನು ಬೇರೆಯವರಿಗೆ ಕೊಡುತ್ತಾರಂತೆ. ಹಿಲ್ಡಾ ಅವರೂ ಹಟ ಬಿಟ್ಟಿಲ್ಲ. ಒಮ್ಮೆ ಹುಡುಕಿ ನೋಡಿ, ಅಕ್ಕೋರೇ. ಒಂದು ಹಾಳೆ, ಒಂದು ಚೂರು ಏನಾದರೂ ಇದ್ದೀತು.

ರಸಿಕಾ


ಜಮಖಂಡಿ
10 ಡಿಸೆಂಬರ್ 2023

ರಸಿಕಾ,

ಮುದುಕಿಗೆ ಅರಳು ಮರಳು. ಕಲಿಸಿದವಳು ಆಕೆ, ಕಲಿತವಳು ನಾನು. ಕುರಿಗಳ ಕಾಲು ನೋಡುವುದನ್ನು ನಮ್ಮಪ್ಪ ಕಲಿಸಿದ್ದು ಹೌದು. ಮಳೆಗಾಲದಲ್ಲಿ ಗೊರಸು ಕೊಳೆತರೆ ಕುರಿ ಹೋಯಿತು, ಅದಕ್ಕೇ ನಮ್ಮವರು ಮುಖಕ್ಕಿಂತ ಮೊದಲು ಕಾಲು ನೋಡುತ್ತಾರೆ. ಅದನ್ನು ಚಿತ್ರಕ್ಕೆ ತಂದವಳು ಹಿಲ್ಡವ್ವನೇ. ಪುಸ್ತಕದಲ್ಲಿ ಸುಳ್ಳು ಬರೆದಿದ್ದಾಳೆ. ತಿದ್ದಿಸು.

ಆದರೂ ನಿನ್ನ ಕಾಗದ ಓದಿದ ಮೇಲೆ ನಿದ್ದೆ ಬರಲಿಲ್ಲ. ಪುರಸೊತ್ತಿನ ಮಾತು ಸುಳ್ಳು, ಆಕೆ ಹೇಳಿದ್ದು ಸರಿ. ನನಗೆ ಹೆದರಿಕೆ ಇತ್ತು. ಹಾಳೆಯ ಮುಂದೆ ಕುಳಿತರೆ ಹಿಲ್ಡವ್ವ ಬೆನ್ನ ಹಿಂದೆ ನಿಂತಂತಾಗುತ್ತಿತ್ತು. ಆಕೆ ನೋಡಿ ‘ಇಷ್ಟೇನಾ’ ಎಂದರೆ? ಹಲಗೆಯಾದರೆ ಒರೆಸಬಹುದು, ಯಾರೂ ಕೇಳುವುದಿಲ್ಲ.

ಒಂದೇ ಒಂದು ಸಲ ಬರೆದೆ. ಅಣ್ಣ ಮೊದಲ ಟ್ರ್ಯಾಕ್ಟರ್ ತಂದಾಗ ಟ್ರೇಲರಿನ ಹಿಂದಿನ ತಗಡಿನ ಬಾಗಿಲಿಗೆ ಚಿತ್ರ ಹಾಕಬೇಕಿದ್ದ ಪೇಂಟರ್ ಕೈಕೊಟ್ಟ. ಪೂಜೆಯ ಹೊತ್ತಾಗಿತ್ತು. “ನೀನೂ ಡ್ರಾಯಿಂಗ್ ಮಾಸ್ತರತಿ ಅಲ್ಲೇನ ಬೇ, ಬರಿ” ಎಂದು ಅಣ್ಣ ಬ್ರಷ್ ಕೊಟ್ಟ. ಟಗರು ಬರೆದೆ. ಮನೆ ತುಂಬ ಮಂದಿ, ಭಂಡಾರದ ಅರಿಸಿನ ಹಾರಾಡುತ್ತಿತ್ತು, ಹೆದರಲು ಸಮಯವೇ ಇರಲಿಲ್ಲ. ಛಲೋ ಬಂದಿತ್ತು ರಸಿಕಾ. ನಾನೇ ಹೇಳಬಾರದು, ಆದರೆ ಆ ಟಗರು ನಿಂತಿತ್ತು.

ಆ ಟ್ರೇಲರನ್ನು ಅಣ್ಣ ಯಾವಾಗಲೋ ಮಾರಿದ. ಅದರ ಜಾಡು ಹಿಡಿದವನು ಶಿವಪುತ್ರ. ನಿನಗಿಂತ ಎರಡು ವರ್ಷ ಮುಂದಿದ್ದ ಹುಡುಗ, ಈಗ ಮುಧೋಳದಲ್ಲಿ ಟ್ರೇಲರುಗಳಿಗೆ ಚಿತ್ರ ಬರೆಯುತ್ತಾನೆ. ಈ ಕಡೆಯ ಕಬ್ಬಿನ ಗಾಡಿಗಳ ಮೇಲಿನ ಅರ್ಧ ಟಗರು ಅವನವೇ. ರನ್ನ ಬೆಳಗಲಿಯ ತುಕಾರಾಮ ಎಂಬವನ ಬಳಿ ನನ್ನ ಬಾಗಿಲು ಇದೆಯಂತೆ. ತುಕ್ಕು ಹಿಡಿದಿದೆ, ಕೋಡಿನ ಬಣ್ಣ ಉದುರಿದೆ, ಆದರೂ ಇದೆ. ತುಕಾರಾಮನಿಗೆ ಆ ಟಗರು ಬಹಳ ಲಾಭದ್ದಂತೆ, ಕಬ್ಬಿನ ಹಂಗಾಮು ಮುಗಿಯುವವರೆಗೆ ಬಿಚ್ಚಿ ಕೊಡುವುದಿಲ್ಲ ಅಂದಿದ್ದಾನೆ. ಮಾರ್ಚಿನಲ್ಲಿ ಕೊಡುತ್ತಾನೆ.

ಇದನ್ನು ಹಿಲ್ಡವ್ವನಿಗೆ ಹೇಳು. ಬೇಡ, ಹೇಳಬೇಡ. ಹೇಳು.

ಮಾಲಾ


ಶೆಫೀಲ್ಡ್
8 ಜನವರಿ 2024

ಅಕ್ಕೋರೇ,

ಹೇಳಿದೆ! ಹಿಲ್ಡಾ ಅವರು ಚಹಾ ಚೆಲ್ಲಿಕೊಂಡರು. ಕಬ್ಬು ಹೊರುವ ಗಾಡಿಯ ಬಾಗಿಲೇ ಬೇಕು, ಅದಕ್ಕಿಂತ ಒಳ್ಳೆಯ ಪ್ರದರ್ಶನವನ್ನು ತನ್ನಿಂದ ಎಂದೂ ಮಾಡಲಾಗಲಿಲ್ಲ ಎಂದರು. ನಿಮ್ಮ ಟಗರು ಇಷ್ಟು ವರ್ಷ ರಸ್ತೆಯ ಮೇಲೆ ಪ್ರದರ್ಶನದಲ್ಲಿತ್ತು, ನೀವು ಮಾತ್ರ ಮನೆಯಲ್ಲಿ ಕುಳಿತು ಚಿತ್ರವಿಲ್ಲ ಅನ್ನುತ್ತಿದ್ದಿರಿ.

ಸಾಗಿಸುವ ವ್ಯವಸ್ಥೆ ನಮ್ಮದು. ತುಕ್ಕು ಇದ್ದರೆ ಇರಲಿ, ಹೇಗಿದೆಯೋ ಹಾಗೆಯೇ ಬರಲಿ. ಪುಸ್ತಕ ತಿದ್ದುವ ವಿಷಯಕ್ಕೆ ಆಕೆ ಒಪ್ಪಲಿಲ್ಲ. ನಿಮಗೇ ಮರೆವು ಅಂತೆ.

ರಸಿಕಾ


ಜಮಖಂಡಿ
29 ಮಾರ್ಚ್ 2024

ರಸಿಕಾ,

ಇನ್ನು ಕಾಯಬೇಡ. ನನ್ನ ಟಗರು ಹೋಯಿತು.

ಶಿವಪುತ್ರ ಇವತ್ತು ಮುಂಜಾನೆ ಟೆಂಪೋದಲ್ಲಿ ಬಾಗಿಲು ತಂದ. ಮೈತುಂಬ ಹೊಸ ಆಯಿಲ್ ಪೇಂಟು! ಕೆಂಪು ಕೋಡು, ಕೊರಳಿಗೆ ಚೆಂಡು ಹೂವಿನ ಹಾರ, ಹೊಳೆಯುವ ಕಣ್ಣು. ಮೇಲೆ ‘ಶ್ರೀ ಬೀರೇಶ್ವರ ಪ್ರಸನ್ನ’, ಕೆಳಗೆ ದಪ್ಪ ಅಕ್ಷರದಲ್ಲಿ ‘ಹಿಲ್ಡವ್ವನ ಆಶೀರ್ವಾದ’. ಕುಂಕುಮ, ಭಂಡಾರ ಹಚ್ಚಿ ಕಾಯಿ ಒಡೆದು ತಂದಿದ್ದ. ನಾನು ಮನೆಯ ಹೊಸಿಲಲ್ಲೇ ಕಲ್ಲಾದೆ.

“ಏನ್ ಮಾಡಿದೆಲೇ ಇದನ್ನ?” ಎಂದೆ.

“ಗುರುವಿನ ಗುರು ಮನಿಗೆ ಹೋಗೂದ್ರಿ ಅಕ್ಕೋರ. ತುಕ್ಕ ಹಿಡದದ್ದ ಹೆಂಗ ಕಳಸೂದ್ರಿ? ದೇವರ ಮುಂದ ಹೊಂಟ ಟಗರಿಗೆ ಮೈ ತೊಳಿಯೂದಿಲ್ಲೇನ್ರಿ ನಾವು?” ಎಂದ. ನಾನು ಬಹುಮಾನ ಕೊಡುತ್ತೇನೆಂದು ಕಾಯುವವನ ಹಾಗೆ ಮುಖ ಮಾಡಿ ನಿಂತಿದ್ದ.

ತಪ್ಪು ನನ್ನದೂ ಇದೆ, ‘ಹಾಗೆಯೇ ಬರಲಿ’ ಎಂದು ನೀನು ಬರೆದದ್ದನ್ನು ಅವನಿಗೆ ಹೇಳಿರಲಿಲ್ಲ. ಹಳೆಯ ಚಿತ್ರವನ್ನು ಯಾರಾದರೂ ಮುಟ್ಟುತ್ತಾರೆಂದು ನನ್ನ ತಲೆಗೇ ಬಂದಿರಲಿಲ್ಲ. ಆದರೆ ಆಗ ಇದೆಲ್ಲ ಯೋಚಿಸಲಿಲ್ಲ. “ಜನ್ಮಕ್ಕೆಲ್ಲಾ ನಂದಂತ ಒಂದ ಇತ್ತು. ಅದನ್ನೂ ಒರಸಿದೆಲ್ಲೋ” ಎಂದೆ. ಅವನ ಮುಖ ಸಣ್ಣದಾಯಿತು. “ಒಮ್ಮಿ ಛಲೋತ್ನಂಗ ನೋಡ್ರಿ ಅಕ್ಕೋರ” ಎಂದ. ನೋಡಲಿಲ್ಲ. ತಗೊಂಡು ನಡಿ ಎಂದು ಬಾಗಿಲು ಹಾಕಿಕೊಂಡೆ.

ಹಿಲ್ಡವ್ವನಿಗೆ ಹೇಳು, ಮಾಲಾಳದು ಏನೂ ಉಳಿದಿಲ್ಲ ಅಂತ. ಆ ಜಾಗ ಬೇರೆಯವರಿಗೆ ಕೊಡಲಿ. ನನಗೆ ಇನ್ನು ಬರೆಯಲು ಮನಸ್ಸಿಲ್ಲ.

ಮಾಲಾ


ಶೆಫೀಲ್ಡ್
19 ಏಪ್ರಿಲ್ 2024

ಪ್ರೀತಿಯ ಅಕ್ಕೋರೇ,

ನಿಮ್ಮ ಕಾಗದ ಓದಿ ಅತ್ತೆ. ನಿಮ್ಮ ತಲೆಯ ಮೇಲೆ ಕೈಯಿಡುವಷ್ಟು ದೊಡ್ಡವಳಲ್ಲ, ಇಲ್ಲದಿದ್ದರೆ ಬಂದು ಅದನ್ನೇ ಮಾಡುತ್ತಿದ್ದೆ.

ಹಿಲ್ಡಾ ಅವರಿಗೆ ಹೇಳಲೇಬೇಕಾಯಿತು. ಆ ಸಾಲುಗಳನ್ನು ಇನ್ನೊಮ್ಮೆ ಓದಿಸಿದರು. ಆಮೇಲೆ, “ಆದರೂ ಕಳಿಸಲಿ. ನನ್ನ ಹೆಸರಿನ ಆಶೀರ್ವಾದ ಇದೆಯಂತೆ, ನಾನು ನೋಡದೆ ಬಿಡುವುದಿಲ್ಲ” ಎಂದರು. ನಿಮಗೆ ಇಷ್ಟವಿಲ್ಲದಿದ್ದರೆ ಕಳಿಸಬೇಡಿ. ಆದರೆ ಆಕೆಗೆ ಎಂಬತ್ತೆಂಟು. ಇದಕ್ಕಿಂತ ಹೆಚ್ಚು ಹೇಳಲಾರೆ.

ರಸಿಕಾ


ಜಮಖಂಡಿ
14 ಮೇ 2024

ರಸಿಕಾ,

ಅಣ್ಣನಿಗೆ ಹೇಳಿದೆ, ಶಿವಪುತ್ರನ ಅಂಗಡಿಯಿಂದ ಆ ಬಾಗಿಲನ್ನು ಹೊರಡಿಸಿದ್ದಾನೆ. ಅದರ ಕೆಳಗೆ ನನ್ನ ಹೆಸರು ಹಾಕಬೇಡಿ.

ಮಾಲಾ


ಶೆಫೀಲ್ಡ್
11 ಜುಲೈ 2024

ಅಕ್ಕೋರೇ,

ಇದನ್ನು ನಿಧಾನವಾಗಿ, ಕುಳಿತು ಓದಿ.

ಪೆಟ್ಟಿಗೆ ಗಡುವಿಗೆ ಎರಡೇ ದಿನ ಮುಂಚೆ ಬಂತು. ಬಿಚ್ಚಿದವರ ಬಿಳಿ ಕೈಗವಸುಗಳೆಲ್ಲ ಭಂಡಾರದಿಂದ ಹಳದಿಯಾದವು. ಇದೇನು ವಿಷವೇ ಎಂದು ಒಬ್ಬ ಗಾಬರಿಯಾದ. ಅರಿಸಿನ, ತಲೆ ನೋವಿದ್ದರೆ ಹಚ್ಚಿಕೋ ಎಂದೆ.

ನಿಮ್ಮಿಂದ ಒಂದು ವಿಷಯ ಮುಚ್ಚಿಟ್ಟಿದ್ದೆ. ಹಿಲ್ಡಾ ಅವರಿಗೆ ಕಣ್ಣು ಹೋಗುತ್ತಿದೆ. ಎದುರಿನದು ಕಾಣುವುದಿಲ್ಲ, ಅಂಚಿನಲ್ಲಿರುವುದು ಅಷ್ಟಿಷ್ಟು ಕಾಣುತ್ತದೆ. ಏನನ್ನಾದರೂ ನೋಡಬೇಕೆಂದರೆ ಸಿಟ್ಟಾದವರಂತೆ ಮುಖ ಆಚೆ ತಿರುಗಿಸುತ್ತಾರೆ. ಹೇಳಿದ್ದರೆ ಕಾಣದವಳಿಗೆ ಏಕೆ ಕಳಿಸಲಿ ಎಂದು ನೀವು ಬಿಟ್ಟುಬಿಡುತ್ತಿದ್ದಿರಿ, ಅದಕ್ಕೇ ಹೇಳಲಿಲ್ಲ. ಹೊಡೆಯುವುದಿದ್ದರೆ ಬಂದಾಗ ಹೊಡೆಯಿರಿ.

ಬಾಗಿಲನ್ನು ಗೋಡೆಗೆ ಒರಗಿಸಿದೆವು. ಆಕೆ ಗಾಲಿ ಕುರ್ಚಿಯಲ್ಲಿ ಹತ್ತಿರ ಬಂದು, ಮುಖ ತಿರುಗಿಸಿ, ಎರಡೂ ಕೈ ಚಾಚಿದರು. ಕೋಡಿನಿಂದ ಶುರು ಮಾಡಿ ಬೆನ್ನು, ಹೊಟ್ಟೆ ಸವರಿದರು. ಎಲ್ಲ ನುಣುಪು, ಹೊಸ ಬಣ್ಣ. ಕೈ ಕೆಳಗಿಳಿದು ಗೊರಸಿನ ಹತ್ತಿರ ಬಂದಾಗ ನಿಂತುಬಿಟ್ಟಿತು. ಬೆರಳ ತುದಿಯಿಂದ ಅಲ್ಲೇ ಮತ್ತೆ ಮತ್ತೆ ಉಜ್ಜಿದರು. ಆಮೇಲೆ ಕನ್ನಡದಲ್ಲಿ, ಅಕ್ಕೋರೇ, ಕನ್ನಡದಲ್ಲೇ ಹೇಳಿದರು: “ಇದು ಮಾಲಾ.” ಕೈ ಮೇಲೆತ್ತಿ ಹೊಟ್ಟೆಯ ಮೇಲಿಟ್ಟು, “ಇದು ಮಾಲಾ ಅಲ್ಲ. ಆದರೂ ಛಲೋ.”

ನಾನು ನೆಲದ ಮೇಲೆ ಕುಳಿತು ನೋಡಿದೆ. ನಾಲ್ಕೂ ಕಾಲು ಹಳೆಯವು! ಮೊಣಕಾಲಿನವರೆಗೆ ಬಣ್ಣ ಮಾಸಿದೆ, ಒರಟಾಗಿದೆ, ಅಲ್ಲಲ್ಲಿ ತುಕ್ಕು ಇಣುಕುತ್ತದೆ. ಶಿವಪುತ್ರ ತನ್ನ ಹೊಸ ಬಣ್ಣವನ್ನು ಅದರ ಅಂಚಿನವರೆಗೆ ಎಷ್ಟು ಜೋಪಾನವಾಗಿ ತಂದು ನಿಲ್ಲಿಸಿದ್ದಾನೆ ಎಂದರೆ, ಒಂದು ಹನಿಯೂ ಒಳಗೆ ಬಿದ್ದಿಲ್ಲ. ಉಳಿದೆಲ್ಲ ಕಡೆ ಪಾಲಿಶ್ ಪೇಪರಿನಿಂದ ಉಜ್ಜಿದ್ದಾನೆ, ಕಾಲುಗಳನ್ನು ಮುಟ್ಟಿಲ್ಲ.

ಏಕೆ ಹಾಗೆ ಮಾಡಿದ ಎಂದು ನನಗೆ ಗೊತ್ತಿಲ್ಲ. ನೀವು ಕೇಳಬೇಕು.

ಪ್ರದರ್ಶನ ಮೊನ್ನೆ ಶುರುವಾಯಿತು. ಹೆಸರಿನ ಚೀಟಿಯನ್ನು ಹಿಲ್ಡಾ ಅವರೇ ಹೇಳಿ ಬರೆಸಿದರು. ನೀವು ಬೇಡವೆಂದದ್ದನ್ನು ತಿಳಿಸಿದೆ. “ಪ್ರದರ್ಶನ ನನ್ನದು” ಎಂದು ಬಾಯಿ ಮುಚ್ಚಿಸಿದರು. ‘ಟಗರು: ಶಿವಪುತ್ರ, ಮುಧೋಳ. ಕಾಲುಗಳು: ಮಾಲಾ, ಹಿಪ್ಪರಗಿ’ ಎಂದಿದೆ. ಫೋಟೋ ಜೊತೆಗಿದೆ.

ನಿಮ್ಮ
ರಸಿಕಾ


ಶೆಫೀಲ್ಡ್
16 ಸೆಪ್ಟೆಂಬರ್ 2024

ಅಕ್ಕೋರೇ,

ಎರಡು ತಿಂಗಳಾಯಿತು. ಸಿಟ್ಟಾಗಿದ್ದರೆ ಬೈದಾದರೂ ಬರೆಯಿರಿ. ಹಿಲ್ಡಾ ಅವರು ದಿನಾ ಕೇಳುತ್ತಾರೆ.

ರಸಿಕಾ


ಜಮಖಂಡಿ
6 ಅಕ್ಟೋಬರ್ 2024

ಮಗಳೇ ರಸಿಕಾ,

ಸಿಟ್ಟಲ್ಲ, ನಾಚಿಕೆ. ನಿನ್ನ ಕಾಗದ ಬಂದಾಗಿನಿಂದ ಫೋಟೋವನ್ನು ಕನ್ನಡಿಯ ಸಂದಿಗೆ ಸಿಕ್ಕಿಸಿದ್ದೇನೆ. ದಿನಾ ನೋಡುತ್ತೇನೆ. ಆ ಹುಡುಗನ ಮುಖಕ್ಕೆ ಬಾಗಿಲು ಹಾಕಿದೆನಲ್ಲ, ಯಾವ ಮುಖ ಹೊತ್ತು ಹೋಗಲಿ ಎಂದು ಕೂತೆ. ನಿನ್ನೆ ಧೈರ್ಯ ಮಾಡಿ ಮುಧೋಳದ ಬಸ್ಸು ಹತ್ತಿದೆ.

ಕಬ್ಬಿನ ಹಂಗಾಮು ಹತ್ತಿರ ಬಂತು, ಅವನ ಅಂಗಳದ ತುಂಬ ಟ್ರೇಲರುಗಳು ಬಣ್ಣಕ್ಕೆ ನಿಂತಿದ್ದವು. ನನ್ನನ್ನು ಕಂಡು ಬ್ರಷ್ ಬಿಟ್ಟು ಎದ್ದು ನಿಂತ. ತರಗತಿಯಲ್ಲಿ ಹಾಗೇ ಏಳುತ್ತಿದ್ದ, ಬೆಂಚಿಗೆ ಮೊಣಕಾಲು ಬಡಿಸಿಕೊಂಡು.

“ಕಾಲ ಯಾಕ ಬಿಟ್ಟೆಲೇ?” ಎಂದೆ.

“ನಾ ಬರದ್ರ ಕುರಿ ಗಾಳ್ಯಾಗ ನಿಂತಂಗ ಆಗತೈತ್ರಿ. ಇಷ್ಟ ವರ್ಷ ಆತು, ನಿಮ್ಮಂಗ ಕಾಲ ನನಗ ಬಂದಿಲ್ರಿ. ಅದಕ್ಕ ಅವನ್ನ ಮುಟ್ಟಾಕ ಧೈರ್ಯ ಆಗಲಿಲ್ಲ.”

“ಅವತ್ತ ಹೇಳಬಾರದಿತ್ತೇನೋ?”

“ಹೇಳಾಕ ನೀವ್ ಎಲ್ಲಿ ಬಿಟ್ರಿ? ಬಾಗಲಾ ಹಾಕ್ಕೊಂಡ್ರಿ.”

ಅವನ ಹೆಂಡತಿ ವಂದನಾ ಒಳಗಿನಿಂದ ಚಹಾ ತರುತ್ತಿದ್ದವಳು ಅಲ್ಲೇ ನಿಂತಳು. ನಾನು ಅತ್ತುಬಿಟ್ಟೆ ರಸಿಕಾ, ಬಣ್ಣದ ಡಬ್ಬಿಗಳ ನಡುವೆ, ಮೂರು ಜನ ಡ್ರೈವರುಗಳ ಎದುರಿಗೆ. “ತಪ್ಪಾತಪ್ಪಾ” ಎಂದೆ. ಅವನಿಗೆ ಏನು ಮಾಡಬೇಕೋ ತಿಳಿಯದೆ ಕೈಯಲ್ಲಿದ್ದ ಚಿಂದಿಯನ್ನೇ ಕಣ್ಣೊರೆಸಲು ಕೊಟ್ಟ. ಟರ್ಪೆಂಟೈನ್ ನಾತಕ್ಕೆ ಇನ್ನಷ್ಟು ನೀರು ಬಂತು.

ಆ ಡ್ರೈವರುಗಳಲ್ಲಿ ಒಬ್ಬ ತುಕಾರಾಮ. ಟಗರು ಪರದೇಶಕ್ಕೆ ಹೋಯಿತೆಂದು ಅವನ ಹೊಸ ಬಾಗಿಲು ಬೋಳಾಗಿತ್ತು. “ಅಕ್ಕೋರ, ನಮ್ಮ ಟಗರ ನಮಗ ಹೊಳ್ಳಿ ಬೇಕ್ರಿ” ಎಂದು ಗಂಟು ಬಿದ್ದ. ಶಿವಪುತ್ರ ತನ್ನ ಒಳ್ಳೆಯ ಬ್ರಷ್ಷನ್ನು ಒರೆಸಿ ನನ್ನ ಮುಂದೆ ಹಿಡಿದ.

ನಾಲ್ಕು ಗೊರಸು ಊರಿದೆ, ಆಮೇಲೆ ಮೇಲಕ್ಕೆ ಹೋದೆ. ಊಟದ ಹೊತ್ತು ಮೀರಿತು, ಯಾರೂ ಕರೆಯಲಿಲ್ಲ. ಬೆನ್ನ ಹಿಂದೆ ಹಿಲ್ಡವ್ವ ನಿಂತಿದ್ದಾಳೆ ಅನ್ನಿಸಲಿಲ್ಲ. ಶಿವಪುತ್ರ ನಿಂತಿದ್ದ, ಮೂಗು ಚಿತ್ರಕ್ಕೆ ತಾಗುವಷ್ಟು ಹತ್ತಿರ. “ಹಾಂ, ಅಲ್ಲಿ ಒತ್ತಿ ಹಿಡದ್ರಿ ನೋಡ್ರಿ, ಅದು ನನಗ ತಿಳಿದಿರಲಿಲ್ಲ” ಎಂದು ತನ್ನಷ್ಟಕ್ಕೆ ಅನ್ನುತ್ತಿದ್ದ. ಮುಗಿದಾಗ ಬಿಸಿಲು ಇಳಿದಿತ್ತು.

“ಮೂಲ್ಯಾಗ ಹೆಸರ ಹಾಕ್ರಿ” ಎಂದು ಸಣ್ಣ ಬ್ರಷ್ ಕೊಟ್ಟ. ಎಷ್ಟು ಸಾವಿರ ಹಾಳೆಗಳ ಮೂಲೆಯಲ್ಲಿ ಅಂಕ ಹಾಕಿ ಸಹಿ ಮಾಡಿದ್ದೇನೋ, ನನ್ನ ಚಿತ್ರದ ಕೆಳಗೆ ನನ್ನ ಹೆಸರು ಬರೆದದ್ದು ಇದೇ ಮೊದಲು. ‘ಲಾ’ ಸ್ವಲ್ಪ ಸೊಟ್ಟಾಗಿದೆ, ಇರಲಿ.

ತುಕಾರಾಮ ಟ್ರೇಲರ್ ಕಟ್ಟಿದ ಟ್ರ್ಯಾಕ್ಟರ್ ಹೊಡೆದುಕೊಂಡು ರನ್ನ ಬೆಳಗಲಿಗೆ ಹೋದ. ಕಾಣುವಷ್ಟು ದೂರ ನೋಡುತ್ತ ನಿಂತೆ.

ಹಿಲ್ಡವ್ವನಿಗೆ ಹೇಳು, ಇದನ್ನು ನಾನು ಕಳಿಸುವುದಿಲ್ಲ. ಇದು ಕಬ್ಬು ಹೊರಬೇಕು. ಬೇಕಿದ್ದರೆ ಆಕೆಯೇ ಬಂದು ಕೈಯಾಡಿಸಲಿ. ತಲೆಯಿಂದ ಬಾಲದವರೆಗೆ ಎಲ್ಲ ನನ್ನದೇ.

ನಿನ್ನ
ಮಾಲಾ